ಶಾಂತಿ ಮೇಷ್ಟ್ರು ತಟ್ಟದ ಬಾಗಿಲು

ಶಾಂತಿ ಬೇಡ ಎನ್ನುವವರು ಈ ಸಭೆಯಲ್ಲಿ ಯಾರಾದರೂ ಇದ್ದರೆ ದಯವಿಟ್ಟು ಕೈ ಎತ್ತಿ. ನೋಡಿ, ಒಂದು ಕೈಯೂ ಏಳಲಿಲ್ಲ. ಏಳುವುದೂ ಇಲ್ಲ. ಕನ್ನ ಹಾಕುವವನಿಗೂ ಶಾಂತಿ ಬೇಕು, ಗಲಾಟೆಯಾದರೆ ಅವನ ಕೆಲಸ ಕೆಡುತ್ತದೆ. ಹಾಗಾಗಿ ಶಾಂತಿ ಬೇಕೋ ಬೇಡವೋ ಎಂಬ ಚರ್ಚೆಯನ್ನು ಇವತ್ತು ಇಟ್ಟುಕೊಳ್ಳುವುದು ಬೇಡ. ಬೇಕು ಎಂದು ಹೊರಟಾಗ ನಾವು ಅದನ್ನು ಯಾರ ಹತ್ತಿರ ಹೋಗಿ ಕೇಳುತ್ತೇವೆ? ಅಷ್ಟನ್ನು ನೋಡೋಣ. ಅದಕ್ಕೊಂದು ದೃಷ್ಟಾಂತ.

ಊರು ಎಂದ ಮೇಲೆ ಅಲ್ಲೊಬ್ಬ ಶ್ರೀಮಂತ ಇರಲೇಬೇಕು. ಇಲ್ಲದಿದ್ದರೆ ಪ್ರವಚನ ಮಾಡುವವರು ಉಪವಾಸ ಬೀಳುತ್ತಾರೆ. ನಮ್ಮ ಕಥೆಯ ಊರಿನಲ್ಲೂ ಒಬ್ಬನಿದ್ದ. ಹೆಸರು ಬೇಡ, ಊರಿನವರು ಅವನನ್ನು ‘ಯಜಮಾನ್ರು’ ಎನ್ನುತ್ತಿದ್ದರು. ಹೆಸರು ಹೇಳಿದರೆ, ಓ, ಅವನು ನಮ್ಮ ಕಡೆಯವನಲ್ಲ ಎಂದು ನೀವು ಕಂಬಕ್ಕೆ ಒರಗಿ ನೆಮ್ಮದಿಯಾಗಿ ಕೂತುಬಿಡುತ್ತೀರಿ. ಶ್ರೀಮಂತ ಕೆಟ್ಟವನೇ? ಹಾಗೆಂದು ಯಾರೂ ಹೇಳುತ್ತಿರಲಿಲ್ಲ. ಮದುವೆಗೆ ಕರೆದರೆ ಬರುತ್ತಿದ್ದ, ಸಾವಿಗೆ ಕರೆಯದಿದ್ದರೂ ಬರುತ್ತಿದ್ದ. ಅವನು ದನಿ ಎತ್ತರಿಸಿ ಮಾತಾಡಿದ್ದನ್ನು ಆ ಊರು ಕೇಳಿರಲೇ ಇಲ್ಲ. ಎತ್ತರಿಸುವ ಅಗತ್ಯ ಬಿದ್ದಿರಲಿಲ್ಲ ಎಂಬುದು ಬೇರೆ ಮಾತು.

ಊರಿನ ಬಾಗಿಲಲ್ಲಿ ಒಂದು ಹಸಿರು ಬೋರ್ಡು. ‘ಇದು ಶಾಂತಿಯ ಊರು, ಸುಸ್ವಾಗತ.’ ಯಾಕೆ ಶಾಂತಿಯ ಊರು? ಯಾಕೆಂದರೆ ಅಲ್ಲಿ ಪಂಚಾಯಿತಿ ಚುನಾವಣೆ ಆಗುತ್ತಿರಲಿಲ್ಲ. ಎಲ್ಲ ಅವಿರೋಧ. ಪ್ರತಿ ಸಲವೂ ಶ್ರೀಮಂತ ನಿಲ್ಲುತ್ತಿದ್ದ, ಇಲ್ಲವೇ ಶ್ರೀಮಂತ ಬೆರಳು ತೋರಿಸಿದವನು ನಿಲ್ಲುತ್ತಿದ್ದ. ಬೇರೆ ಯಾರಾದರೂ ನಾಮಪತ್ರ ಹಾಕಿದರೆ ವಾಪಸು ತೆಗೆದುಕೊಳ್ಳುತ್ತಿದ್ದರು. ಕೊನೆಯ ನಾಮಪತ್ರ ವಾಪಸಾದ ದಿನ ಶ್ರೀಮಂತನ ಮನೆಯ ಮುಂದೆ ಚಪ್ಪರ ಹಾಕಿ ಇಡೀ ಊರಿಗೆ ಹೋಳಿಗೆ ಊಟ. ಅದಕ್ಕೆ ಊರಿನವರು ಇಟ್ಟಿದ್ದ ಹೆಸರು ‘ಅವಿರೋಧದ ಊಟ’. ವೋಟು ಹಾಕುವುದು ಹೇಗೆಂದು ಆ ಊರಿನ ಅರ್ಧ ಜನಕ್ಕೆ ಗೊತ್ತಿರಲಿಲ್ಲ. ಹೋಳಿಗೆಗೆ ತುಪ್ಪ ಎಷ್ಟು ಬೇಕೆಂದು ಎಲ್ಲರಿಗೂ ಗೊತ್ತಿತ್ತು.

ಹಾಗಾದರೆ ಈ ಪದ್ಧತಿ ಹುಟ್ಟಿದ್ದು ಹೇಗೆ? ಬಹಳ ಹಿಂದೆ ಒಂದು ಸಲ ಅಲ್ಲಿ ಚುನಾವಣೆ ಆಗಿತ್ತು. ಆಗ ಒಂದು ಹೆಣ ಬಿದ್ದಿತ್ತು. ಊರಿನವರು ಹೇಳುತ್ತಿದ್ದುದೇ ಹಾಗೆ, ‘ಎಲೆಕ್ಷನ್ನಲ್ಲಿ ಒಂದು ಹೆಣ ಬಿತ್ತು’ ಎಂದು. ಮರದಿಂದ ತೆಂಗಿನಕಾಯಿ ಬಿದ್ದ ಹಾಗೆ. ಯಾವ ಮನೆಯ ದೊಣ್ಣೆ, ಯಾರ ಕೈ, ಅದೆಲ್ಲ ಆ ಮಾತಿನಲ್ಲಿ ಬರುತ್ತಿರಲಿಲ್ಲ. ಶ್ರೀಮಂತನ ಅಪ್ಪನ ಎದುರು ನಿಂತಿದ್ದ ಒಬ್ಬ ಯುವಕ ಸತ್ತ. ಪೊಲೀಸರು ಬಂದರು, ಸಾಕ್ಷಿ ಕೇಳಿದರು, ಊರಿಗೆ ಊರೇ ಆ ದಿನ ಸಂತೆಗೆ ಹೋಗಿತ್ತು ಎಂದು ಗೊತ್ತಾಯಿತು. ಅವರು ಹೊರಟುಹೋದರು. ಆಮೇಲೆ ಹಿರಿಯರು ಸೇರಿ ತೀರ್ಮಾನ ಮಾಡಿದರು. ಏನೆಂದು? ದೊಣ್ಣೆ ಹಿಡಿಯುವುದು ಬೇಡ ಎಂದೇ? ಅಲ್ಲ. ಚುನಾವಣೆ ಬೇಡ ಎಂದು.

ಸತ್ತವನಿಗೆ ಒಬ್ಬ ಅಣ್ಣ ಇದ್ದರು. ಸ್ಕೂಲು ಮೇಷ್ಟ್ರು. ನಮ್ಮ ಕಥೆ ಇವರದು.

ಮೇಷ್ಟ್ರು ನಿಜವಾಗಿಯೂ ಅಹಿಂಸೆಯ ಮನುಷ್ಯ, ಇದನ್ನು ನೆನಪಿಡಿ, ನಾನು ತಮಾಷೆ ಮಾಡುತ್ತಿಲ್ಲ. ತಮ್ಮನ ಚಿತೆಯ ಮುಂದೆ ನಿಂತು, ಈ ಊರಿನಲ್ಲಿ ಇನ್ನೊಂದು ತೊಟ್ಟು ರಕ್ತ ಬೀಳಲು ಬಿಡುವುದಿಲ್ಲ ಎಂದು ಹೇಳಿಕೊಂಡವರು. ತಮ್ಮನನ್ನು ಹೊಡೆದವರನ್ನು ಕ್ಷಮಿಸಿದವರು. ಯಾರೂ ಕ್ಷಮೆ ಕೇಳಿರಲಿಲ್ಲ, ಆದರೂ ಕ್ಷಮಿಸಿದರು. ಖಾದಿ ಬಿಟ್ಟು ಬೇರೆ ಉಡಲಿಲ್ಲ. ತರಗತಿಯಲ್ಲಿ ಬೆತ್ತ ಮುಟ್ಟಲಿಲ್ಲ. ಯಾವುದೋ ದೂರದ ದೇಶದಲ್ಲಿ ಯುದ್ಧ ಶುರುವಾಯಿತೆಂದು ಪತ್ರಿಕೆಯಲ್ಲಿ ಬಂದರೆ, ಮಕ್ಕಳ ಕೈಗೆ ಬಿಳಿ ಬಾವುಟ ಕೊಟ್ಟು ಊರಿನಲ್ಲಿ ಶಾಂತಿ ಮೆರವಣಿಗೆ ಮಾಡಿಸುತ್ತಿದ್ದರು. ಆ ಯುದ್ಧ ನಿಂತಿತೋ ಇಲ್ಲವೋ ಗೊತ್ತಿಲ್ಲ, ಮಕ್ಕಳಿಗೆ ಪೆಪ್ಪರಮೆಂಟು ಸಿಗುತ್ತಿತ್ತು. ಪೆಪ್ಪರಮೆಂಟು ಕೊಡಿಸುತ್ತಿದ್ದವನು ಶ್ರೀಮಂತ. ಜನ ಅವರನ್ನು ಶಾಂತಿ ಮೇಷ್ಟ್ರು ಎಂದೇ ಕರೆಯುತ್ತಿದ್ದರು.

ನಾಮಪತ್ರ ಹಾಕಿದವರ ಮನೆಗೆ ಹೋಗುವ ಕೆಲಸ ಇವರದೇ. ಬೆದರಿಕೆಯಿಲ್ಲ, ಜೋರಿಲ್ಲ. ಜಗಲಿಯ ಮೇಲೆ ಕೂರುತ್ತಿದ್ದರು. ನೀರು ಕೊಟ್ಟರೆ ಕುಡಿಯುತ್ತಿದ್ದರು. ಆಮೇಲೆ ಕೈ ಮುಗಿದು, “ಶಾಂತಿಗೋಸ್ಕರ ಒಂದು ಹೆಜ್ಜೆ ಹಿಂದೆ ಬಾಪ್ಪ. ಹಿಂದೆ ಬಂದೋನು ಸಣ್ಣೋನಾಗಲ್ಲ,” ಎನ್ನುತ್ತಿದ್ದರು. ತಮ್ಮನನ್ನು ಕಳೆದುಕೊಂಡ ಮನುಷ್ಯ, ತಲೆ ನೆರೆತವರು, ತಮಗೆ ಅಕ್ಷರ ಕಲಿಸಿದವರು, ಕೈ ಮುಗಿದು ನಿಂತರೆ ಯಾರು ತಾನೇ ಇಲ್ಲ ಎಂದಾರು? ದರ್ಜಿ ಹಿಂದೆ ಬಂದ. ಆಟೋ ಓಡಿಸುವವನು ಹಿಂದೆ ಬಂದ. ಕೇರಿಯಿಂದ ಓದಿ ಬಂದಿದ್ದ ವಕೀಲನೂ ಹಿಂದೆ ಬಂದ. ಮತ್ತೆ ಹೋಳಿಗೆ.

ಹೀಗಿರುವಾಗ ಒಂದು ವರ್ಷ ಹಿಟ್ಟಿನ ಮಿಲ್ಲಿನಾಕೆ ನಾಮಪತ್ರ ಹಾಕಿದಳು.

ಊರಿಗೆ ಇದ್ದದ್ದು ಅದೊಂದೇ ಹಿಟ್ಟಿನ ಮಿಲ್ಲು. ಊರಿನ ರಾಗಿ, ಗೋಧಿ, ಖಾರದ ಪುಡಿ ಎಲ್ಲ ಅಲ್ಲಿಯೇ. ಚಿಕ್ಕವರಿಗೆ ಆಕೆ ಮಿಲ್ಲಕ್ಕ. ಅವಳ ಗಂಡ ಒಳ್ಳೆಯವನು, ಆದರೆ ನಾಮಪತ್ರ ವಾಪಸು ತೆಗೆದುಕೊಳ್ಳುವ ಕೊನೆಯ ದಿನ ಬೆಳಿಗ್ಗೆಯೇ ಹಲ್ಲುನೋವೆಂದು ಪಟ್ಟಣದ ಬಸ್ಸು ಹತ್ತಿದ್ದ. ಎಲ್ಲರಿಗೂ ಅರ್ಥವಾಯಿತು. ಮಧ್ಯಾಹ್ನ ಮೂರು ಗಂಟೆಗೆ ಗಡುವು.

ಹನ್ನೊಂದರ ಹೊತ್ತಿಗೆ ಶ್ರೀಮಂತ ಮೇಷ್ಟ್ರಿಗೆ ಹೇಳಿ ಕಳಿಸಿದ. ಅವರು ಹೋದಾಗ ಅಂಗಳದಲ್ಲಿ ಚಪ್ಪರ ಏಳುತ್ತಿತ್ತು. ಒಂದು ಬದಿಯಲ್ಲಿ ಜೀಪು ನಿಂತಿತ್ತು. ಜೀಪಿನ ಸುತ್ತ ಹುಡುಗರು. ಹುಡುಗರು ಎಂದರೆ ಮೀಸೆ ನೆರೆಯಲು ಶುರುವಾಗಿದ್ದ ಹುಡುಗರು. ಅವರು ಏನನ್ನೂ ಮಾಡುತ್ತಿರಲಿಲ್ಲ. ಆದರೆ ಏನನ್ನೂ ಮಾಡದೆ ಅಷ್ಟು ಹೊತ್ತು ನಿಲ್ಲುವುದೂ ಒಂದು ಕೆಲಸ. ಜೀಪಿನ ಹಿಂಬದಿಯಲ್ಲಿ ಗೋಣಿತಾಟು ಹೊದಿಸಿದ್ದರು. ತಾಟಿನ ತುದಿಯಲ್ಲಿ ಎಣ್ಣೆ ಹಚ್ಚಿದ ಬಿದಿರು ಕಾಣುತ್ತಿತ್ತು. ಮೇಷ್ಟ್ರು ನೋಡಿದರು. ನೋಡಿ, ಕಣ್ಣು ಬೇರೆ ಕಡೆ ತಿರುಗಿಸಿದರು.

“ಬನ್ನಿ ಮೇಷ್ಟ್ರೇ, ಕುಂತ್ಕಳಿ,” ಎಂದ ಶ್ರೀಮಂತ. “ಕಾಫಿಗೆ ಸಕ್ಕರೆ ಹಾಕ್ಸಿಲ್ಲ. ನಿಮಗೆ ಆಗಲ್ವಲ್ಲ.”

ಮೇಷ್ಟ್ರು ಕಾಫಿ ತೆಗೆದುಕೊಂಡರು.

“ಆಯಮ್ಮ ಇನ್ನೂ ವಾಪಸ್ ತಗಂಡಿಲ್ವಂತೆ?”

“ಮಾತಾಡ್ತೀನಿ.”

“ಮಾತಾಡಿ. ನಿಮ್ಮ ಮಾತು ಯಾರು ಮೀರವ್ರೆ ಈ ಊರಲ್ಲಿ. ಅಡುಗೆಯೋರು ಆಗಲೇ ಬೇಳೆ ಬೇಯಕ್ಕೆ ಇಟ್ಟವ್ರೆ, ನಾನು ತಡೀರಿ ಅಂದೆ, ಕೇಳ್ಲಿಲ್ಲ.” ಅವನು ಸ್ವಲ್ಪ ನಕ್ಕ. “ನನಗೇನಿಲ್ಲ ಮೇಷ್ಟ್ರೇ. ನಿಂತ್ಕಳ್ಳಲಿ. ಪ್ರಜಾಪ್ರಭುತ್ವ. ಆದ್ರೆ ಹುಡುಗ್ರು ಅವ್ರಲ್ಲ, ಅವರ ರಕ್ತ ಬಿಸಿ. ಅವರ ಬಾಯಿಗೆ ನಾನು ಬೀಗ ಹಾಕಕ್ಕಾಯ್ತದಾ? ಆ ಮಿಲ್ಲಿನ ವೈರು ನೋಡಿದೀರಾ ನೀವು? ನಮ್ಮಪ್ಪನ ಕಾಲದ್ದು. ಅದರ ಮೇಲೆ ಹಿಟ್ಟಿನ ಧೂಳು ಬೇರೆ. ಒಂದು ಕಿಡಿ ಬಿದ್ರೆ ಸಾಕು. ನಂಗೆ ಅದೇ ಯೋಚ್ನೆ. ಹೆಂಗಸು, ಒಬ್ಬಳೇ ಇರ್ತಾಳೆ.”

ಒಂದು ಕೆಟ್ಟ ಮಾತು ಬಂತೇ? ಇಲ್ಲ. ಪ್ರತಿಯೊಂದೂ ಕಾಳಜಿಯ ಮಾತು.  ಮೇಷ್ಟ್ರಿಗೆ ಆ ಕ್ಷಣದಲ್ಲಿ ಕಂಡದ್ದು ತಮ್ಮನ ಮುಖವಲ್ಲ, ತಮ್ಮನ ಚಪ್ಪಲಿ. ಒಂದು ಕಾಲಿನದು ಮನೆಯ ಹತ್ತಿರ ಸಿಕ್ಕಿತ್ತು, ಇನ್ನೊಂದು ಕೆರೆಯ ಹತ್ತಿರ. ಕಾಫಿ ಅರ್ಧಕ್ಕೆ ಬಿಟ್ಟು ಎದ್ದರು. ಎಷ್ಟು ಬೇಗ ಆಕೆಯನ್ನು ಹಿಂದೆ ಸರಿಸುತ್ತೇನೋ ಅಷ್ಟು ಬೇಗ ಆಕೆಯ ಜೀವ ಉಳಿಯುತ್ತದೆ. ಅವರ ತಲೆಯಲ್ಲಿ ಇದ್ದದ್ದು ಇಷ್ಟೇ. ಹೇಳಿ, ನಿಮ್ಮ ತಲೆಯಲ್ಲಾದರೂ ಬೇರೆ ಏನು ಇರುತ್ತಿತ್ತು?

ಮಿಲ್ಲು ಓಡುತ್ತಿತ್ತು. ರಾಗಿ ಡಬ್ಬಗಳ ಸಾಲು, ಡಬ್ಬಗಳ ಪಕ್ಕದಲ್ಲಿ ಹೆಂಗಸರ ಸಾಲು. ಮೇಷ್ಟ್ರನ್ನು ಕಂಡು ಎಲ್ಲರೂ ಮಾತು ನಿಲ್ಲಿಸಿದರು. ಮಿಲ್ಲಿನಾಕೆ ಹುಬ್ಬಿನವರೆಗೆ ಹಿಟ್ಟು ಮೆತ್ತಿಕೊಂಡು ನಿಂತಿದ್ದಳು. ಗುಂಡಿ ಒತ್ತಿ ಮಿಲ್ಲು ನಿಲ್ಲಿಸಿದಳು. ಬೆಲ್ಟು ಪಟಪಟ ಎಂದು ನಿಧಾನವಾಗಿ ನಿಂತಿತು.

“ಬಂದ್ರಾ ಮೇಷ್ಟ್ರೇ. ನಿಮ್ಮ ರಾಗಿ ಬೀಸಿ ಇಟ್ಟಿದೀನಿ.”

“ರಾಗಿಗೆ ಬರಲಿಲ್ಲ ತಾಯಿ.”

“ಗೊತ್ತು. ಶಾಂತಿಗೆ ಬಂದಿದೀರಿ.”

ಯಾರೋ ಕಿಸಕ್ಕೆಂದು ನಕ್ಕು, ಮಿಕ್ಕವರು ನಗದೇ ಇದ್ದುದನ್ನು ನೋಡಿ ಸುಮ್ಮನಾದರು. ಮೇಷ್ಟ್ರು ಗೋಣಿಚೀಲದ ಮೇಲೆ ಕುಳಿತರು. ನೀರು ಬಂತು, ಕುಡಿದರು. ಕೈ ಮುಗಿದರು.

“ಶಾಂತಿಗೋಸ್ಕರ ಒಂದು ಹೆಜ್ಜೆ ಹಿಂದೆ ಬಾ ತಾಯಿ.”

“ಯಾಕೆ?”

“ಗೆಲ್ತೀಯಾ ನೀನು?”

“ಎಲ್ಲಿ ಗೆಲ್ತೀನಿ ಬಿಡಿ. ಸೋಲ್ತೀನಿ. ಒಂದು ಸಲ ಸೋಲಕ್ಕೆ ಬಿಡಿ ನನ್ನ. ಈ ಊರಲ್ಲಿ ಸೋಲಕ್ಕೂ ಯಜಮಾನ್ರ ಅಪ್ಪಣೆ ಬೇಕಾ?” ಅವಳು ಸೆರಗಿನಿಂದ ಮುಖದ ಹಿಟ್ಟು ಒರೆಸಿಕೊಂಡಳು. “ಚರಂಡಿ ಎಲ್ಲಿಗಂಟ ಬಂದದೆ ಹೇಳಿ. ಯಜಮಾನ್ರ ಕಾಂಪೌಂಡು ದಾಟಿ ಒಂದು ಮಾರು. ಅಲ್ಲಿಂದ ಆ ನೀರು ಎಲ್ಲಿಗೆ ಹೋಯ್ತದೆ? ನನ್ನ ಮಿಲ್ಲಿಗೆ. ಗ್ರಾಮಸಭೇಲಿ ಎದ್ದು ಕೇಳ್ದೆ. ಸಭೆ ಶಾಂತಿ ಕೆಡಿಸ್ಬೇಡ, ಕುಂತ್ಕೊ ಅಂದ್ರು. ಯಾರಂದಿದ್ದು?”

ಮೇಷ್ಟ್ರು ನೀರಿನ ಲೋಟವನ್ನು ಪಕ್ಕಕ್ಕೆ ಸರಿಸಿದರು.

“ನೀವೇ.”

ಸಾಲಿನಲ್ಲಿದ್ದ ಅಜ್ಜಿಯೊಬ್ಬಳು ಡಬ್ಬವನ್ನು ಮುಂದಕ್ಕೆ ದೂಡಿ, “ಬಿಡವ್ವ, ಚರಂಡಿ ಇವತ್ತಿಲ್ದಿದ್ರೆ ನಾಳೆ ಆಯ್ತದೆ. ಹೋಳಿಗೆ ಹೊತ್ತು ಮೀರಿದ್ರೆ ತಣ್ಣಗಾಯ್ತದೆ,” ಎಂದಳು. ಈ ಸಲ ನಿಜವಾಗಿಯೂ ನಗು ಬಂತು. ಮಿಲ್ಲಿನಾಕೆಯೂ ನಕ್ಕಳು. ಮೇಷ್ಟ್ರಿಗೆ ನಗಲಾಗಲಿಲ್ಲ.

“ರಕ್ತ ಬೀಳುತ್ತೆ ತಾಯಿ,” ಎಂದರು. “ನಿನಗೆ ಗೊತ್ತಿಲ್ಲ. ನಾನು ನೋಡಿದೀನಿ.” 

ಆಕೆ ಹತ್ತಿರ ಬಂದು ಅವರ ಎದುರು ಕುಕ್ಕರುಗಾಲಿನಲ್ಲಿ ಕುಳಿತಳು.

“ಕೆಂಪರಾಜಣ್ಣನ್ನ ನಾನೂ ನೋಡಿದೀನಿ ಮೇಷ್ಟ್ರೇ.”

 ಮೇಷ್ಟ್ರ ತಮ್ಮನ ಆ ಹೆಸರನ್ನು ಊರಿನಲ್ಲಿ ಯಾರೂ ಹೇಳುತ್ತಿರಲಿಲ್ಲ. ‘ಒಂದು ಹೆಣ’ ಎನ್ನುತ್ತಿದ್ದರು, ಅಷ್ಟೇ. ಈ ಕಥೆಯಲ್ಲಿ ನಾನು ಹೇಳುವ ಹೆಸರೂ ಅದೊಂದೇ.

“ಚಿಕ್ಕೋಳಿದ್ದೆ. ನಮ್ಮನೆ ಮುಂದೆಯೇ ಎಳಕಂಡು ಹೋದ್ರು. ನೀವು ಹೇಳ್ತಾ ಬಂದಿದ್ದು, ಎಲೆಕ್ಷನ್ ಕೊಂದಾಕ್ತು ಅಂತ. ಅಣ್ಣನ್ನ ಕೊಂದಿದ್ದು ವೋಟಾ? ದೊಣ್ಣೆ. ದೊಣ್ಣೆ ಇಟ್ಟೋರ ಮನೆಗೆ ಹೋಗಿ, ದೊಣ್ಣೆ ಬಿಡಿ ಅಂತ ಒಂದಿನ ಕೈ ಮುಗಿದಿದೀರಾ? ನಮ್ಮಂಥೋರ ಮನೆಗೆ ಬಂದು ವೋಟು ಬಿಡಿ ಅಂತ ಮುಗಿದ್ರಿ. ದರ್ಜಿ ಮನೆಗೆ ಹೋದ್ರಿ. ಆಟೋದವನ ಮನೆಗೆ ಹೋದ್ರಿ. ಇವತ್ತು ನನ್ನ ಹತ್ರ ಬಂದ್ರಿ.”

“ಸುಮ್ಕಿರವ್ವ,” ಎಂದಳು ಅಜ್ಜಿ. “ಮೇಷ್ಟ್ರು ಒಳ್ಳೇರು ಕಣೇ.”

“ಒಳ್ಳೇರೇ ಕಣಜ್ಜಿ. ಅದಕ್ಕೇ ಅವರನ್ನ ಕಳಿಸೋದು. ಕೆಟ್ಟೋರನ್ನ ಕಳಿಸಿದ್ರೆ ನಾವು ಬಾಗಿಲು ತೆಗೀತಿದ್ವಾ?”

ಮೇಷ್ಟ್ರು ಎದ್ದರು.  ಅವರ ಹಿಂದೆ ಮಿಲ್ಲು ಮತ್ತೆ ಶುರುವಾಯಿತು.

ಬಿಸಿಲು ನೆತ್ತಿ ದಾಟಿತ್ತು. ಆ ಬೀದಿಯ ಎರಡು ಬದಿಯ ಜಗಲಿಗಳೂ ಅವರಿಗೆ ಪರಿಚಯ. ಒಂದೊಂದರ ಮೇಲೆಯೂ ಅವರು ಕೂತಿದ್ದರು, ಒಂದೊಂದರಲ್ಲೂ ನೀರು ಕುಡಿದಿದ್ದರು. ಶ್ರೀಮಂತನ ಜಗಲಿಯ ಮೇಲೂ ಎಷ್ಟೋ ಸಲ ಕೂತಿದ್ದರು. ಕಾಫಿ ಕುಡಿಯುವುದಕ್ಕೆ. ಅಲ್ಲಿ ಯಾವತ್ತೂ ಏನನ್ನೂ ಕೇಳಿರಲಿಲ್ಲ. ಕೇಳಬೇಕೆಂದು ಹೊಳೆದೇ ಇರಲಿಲ್ಲ, ಇದು ಅವರಿಗೆ ಎಲ್ಲಕ್ಕಿಂತ ಹೆಚ್ಚು ಚುಚ್ಚಿತು. ಹೆದರಿ ಕೇಳದಿದ್ದರೆ ಹೆದರಿಕೆ ಎಂದಾದರೂ ಹೇಳಬಹುದಿತ್ತು. ತಾವು ಹೆದರುತ್ತಿದ್ದೇವೆ ಎಂದೂ ಅವರಿಗೆ ಗೊತ್ತಿರಲಿಲ್ಲ. ಅದನ್ನೇ ಅವರು ಶಾಂತಿ ಎಂದು ತಿಳಿದಿದ್ದರು.

ಶ್ರೀಮಂತನ ಗೇಟು ತೆರೆದೇ ಇತ್ತು. ಎಲೆ ಜೋಡಿಸುತ್ತಿದ್ದರು. ಊರಿನ ಗಂಡಸರು ಆಗಲೇ ಚಪ್ಪರದ ನೆರಳಿಗೆ ಬಂದು ಸೇರಿದ್ದರು. ಹೋಳಿಗೆಯ ವಾಸನೆಗೆ ಗಡಿಯಾರ ಬೇಕಾಗುವುದಿಲ್ಲ.

“ಆಯ್ತಾ?” ಎಂದ ಶ್ರೀಮಂತ ಜಗಲಿಯಿಂದಲೇ.

ಮೇಷ್ಟ್ರು ಜಗಲಿ ಹತ್ತಲಿಲ್ಲ. ಕೆಳಗೇ ನಿಂತು ಕೈ ಮುಗಿದರು.

“ಶಾಂತಿಗೋಸ್ಕರ ಒಂದು ಹೆಜ್ಜೆ ಹಿಂದೆ ಬನ್ನಿ ಯಜಮಾನ್ರೇ.”

ಶ್ರೀಮಂತನಿಗೆ ಅರ್ಥವಾಗಲಿಲ್ಲ. ಚಪ್ಪರದಲ್ಲಿದ್ದವರಿಗೂ ಆಗಲಿಲ್ಲ. ಹೂರಣ ತಿರುವುತ್ತಿದ್ದ ಅಡುಗೆಯವನು ಸೌಟು ನಿಲ್ಲಿಸಿದ.

“ಏನಂದ್ರಿ?”

“ಹಿಂದೆ ಬಂದೋರು ಸಣ್ಣೋರಾಗಲ್ಲ. ಜೀಪಲ್ಲಿರೋ ದೊಣ್ಣೆ ಇಳಿಸಿ. ಆಯಮ್ಮ ನಿಂತ್ಕೊಳ್ಳಲಿ, ನೀವೂ ನಿಂತ್ಕೊಳ್ಳಿ. ಜನ ವೋಟು ಹಾಕಲಿ.”

“ನಾನ್ಯಾಕೆ ಹಿಂದೆ ಬರಬೇಕು?”

ಆಹಾ, ನೋಡಿ ಆ ಪ್ರಶ್ನೆಯನ್ನು. ದರ್ಜಿ ಕೇಳಿದ್ದು ಅದನ್ನೇ. ಆಟೋದವನು ಕೇಳಿದ್ದೂ ಅದನ್ನೇ. ಮೇಷ್ಟ್ರಿಗೆ ಉತ್ತರ ಬಾಯಿಪಾಠ ಆಗಿತ್ತು.

“ಊರಿನ ನೆಮ್ಮದಿಗೋಸ್ಕರ.”

ಶ್ರೀಮಂತನ ಮುಖ ಮೊದಲು ಕೆಂಪಾಯಿತು, ಆಮೇಲೆ ಬಿಳುಪಾಯಿತು. ಆದರೂ ದನಿ ಏರಲಿಲ್ಲ. “ಬಿಸಿಲಿಗೆ ಮೇಷ್ಟ್ರಿಗೆ ತಲೆ ಸುತ್ತಿದೆ. ನೆರಳಲ್ಲಿ ಕೂರಿಸ್ರಪ್ಪ,” ಎಂದು ಹೇಳಿ, ಹುಡುಗರ ಕಡೆ ಗದ್ದ ಎತ್ತಿದ. ಅಷ್ಟೇ. ಗದ್ದ ಒಂದು ಸಲ ಎದ್ದು ಇಳಿಯಿತು. ಹುಡುಗರು ಜೀಪು ಹತ್ತಿದರು. ಇಂಜಿನ್ನು ಗುಡುಗುಟ್ಟಿತು. ಜೀಪು ಅಂಗಳದಿಂದ ಮಿಲ್ಲಿಗೆ ಹೋಗಲು ಆ ಗೇಟು ಬಿಟ್ಟು ಬೇರೆ ದಾರಿಯಿರಲಿಲ್ಲ.

ಮೇಷ್ಟ್ರು ಹೋಗಿ ಗೇಟಿನ ನಡುವೆ ಕೂತುಬಿಟ್ಟರು.

ಹೇಗೆ ಕೂತರು? ಪುರಾಣದವರ ಹಾಗಲ್ಲ. ಮಂಡಿನೋವಿನ ಮನುಷ್ಯ. ಒಂದು ಕೈ ನೆಲಕ್ಕೂರಿ, ಮುಲುಕುತ್ತ, ಪಂಚೆ ಸರಿಮಾಡಿಕೊಂಡು ಕೂತರು. ಜೀಪು ಅವರ ಮಂಡಿಯ ಹತ್ತಿರ ಬಂದು ನಿಂತಿತು. ರೇಡಿಯೇಟರಿನ ಶಾಖ ಮುಖಕ್ಕೆ ಹೊಡೆಯುತ್ತಿತ್ತು. ಒಬ್ಬ ಇಳಿದು ಬಂದು ತೋಳು ಹಿಡಿದು ಪಕ್ಕಕ್ಕೆ ಎಳೆದ. ಮೇಷ್ಟ್ರು ಬಿದ್ದರು, ಅಂಗೈ ತರಚಿತು, ಕನ್ನಡಕ ದೂರ ಹೋಯಿತು. ಎದ್ದರು. ಕನ್ನಡಕ ಹುಡುಕಲಿಲ್ಲ. ಮತ್ತೆ ಬಂದು ಅಲ್ಲೇ ಕೂತರು. ಎಳೆದವನು ಇನ್ನೊಂದು ಸಲ ಎಳೆಯಲು ಬಗ್ಗಿದವನು, ಸುತ್ತ ನೋಡಿ, ಯಾಕೋ ನೆಟ್ಟಗಾದ.

ಸುತ್ತ ಜನ ಸೇರಿದ್ದರು. ವೀರರೆಂದು ತಿಳಿಯಬೇಡಿ, ಊಟಕ್ಕೆ ಬಂದವರು. ಬೀದಿಯ ಕಡೆಯಿಂದ ಹೆಂಗಸರೂ ಬಂದರು, ಡಬ್ಬ ಹೊತ್ತುಕೊಂಡೇ. ಮಿಲ್ಲಿನಾಕೆ ಎಲ್ಲರಿಗಿಂತ ಹಿಂದೆ ನಿಂತಿದ್ದಳು. 

“ಸಾ, ಎದ್ದೇಳಿ ಸಾ,” ಎಂದ ಜೀಪು ಓಡಿಸುತ್ತಿದ್ದವನು. ಅವನಿಗೂ ಮೇಷ್ಟ್ರೇ ಮಗ್ಗಿ ಕಲಿಸಿದ್ದರು. “ನಮ್ಮ ಕೈಲಿ ಏನೈತೆ ಸಾ.”

“ಸ್ಟೀರಿಂಗು,” ಎಂದರು ಮೇಷ್ಟ್ರು. “ಹತ್ತಿಸಪ್ಪ, ನಾನು ಅಡ್ಡ ಬಂದಿದೀನಿ, ನಿನ್ನ ತಪ್ಪಿಲ್ಲ ಅಂದ್ಕೊ. ಒಂದೇ ಒಂದು ಮಾಡು. ನಾಳೆ ಯಾರಾದ್ರೂ ಕೇಳಿದ್ರೆ, ಎಲೆಕ್ಷನ್ ಹತ್ತಿಸ್ತು ಅನ್ಬೇಡ. ನಿನ್ನ ಹೆಸರು ಹೇಳು. ಹತ್ತಿಸು ಅಂದೋರ ಹೆಸರೂ ಹೇಳು.”

ಅವನ ಕೈ ಗೇರಿನ ಮೇಲಿತ್ತು. ಅವನು ಜಗಲಿಯ ಕಡೆ ತಿರುಗಿದ.

“ಯಜಮಾನ್ರೇ, ಏನ್ಮಾಡ್ಲಿ?”

ಇಡೀ ಊರು ಜಗಲಿಯ ಕಡೆ ತಿರುಗಿತು. ಈಗ ನೋಡಿ, ಕಥೆಯ ಗಂಟು ಇಲ್ಲಿದೆ. ಶ್ರೀಮಂತ ಹೇಳಬೇಕಾದದ್ದು ಒಂದೇ ಶಬ್ದ. ಹತ್ತಿಸು, ಅಷ್ಟೇ. ಆದರೆ ಅವನು ಜೀವಮಾನದಲ್ಲಿ ಅಂಥ ಶಬ್ದವನ್ನು ಬಾಯಿಬಿಟ್ಟು ಹೇಳಿದವನಲ್ಲ. ಅವನ ಅಪ್ಪನೂ ಹೇಳಿದವನಲ್ಲ. ಹುಡುಗರ ರಕ್ತ ಬಿಸಿಯಾಗುತ್ತಿತ್ತು, ವೈರು ಹಳೆಯದಾಗಿರುತ್ತಿತ್ತು, ಕಿಡಿ ಬೀಳುತ್ತಿತ್ತು, ಎಲ್ಲ ತಾನಾಗಿ ಆಗುತ್ತಿತ್ತು. ಈಗ ತಾನಾಗಿ ಏನೂ ಆಗುತ್ತಿಲ್ಲ. ಊರು ಕಿವಿ ತೆರೆದು ನಿಂತಿದೆ. ಈ ಸಲ ಯಾರೂ ಸಂತೆಗೆ ಹೋಗಿಲ್ಲ.

ಅವನು ಬಾಯಿ ತೆರೆದ. ಮುಚ್ಚಿದ. ಇಂಜಿನ್ನು ಗುಡುಗುಟ್ಟುತ್ತಲೇ ಇತ್ತು. ಮೇಷ್ಟ್ರಿಗೆ ಕನ್ನಡಕವಿಲ್ಲದೆ ಜಗಲಿ ಮಸುಕಾಗಿ ಕಾಣುತ್ತಿತ್ತು, ಅಲ್ಲಿದ್ದ ಬಿಳಿ ಆಕೃತಿ ಏನು ಮಾಡುತ್ತಿದೆಯೆಂದು ತಿಳಿಯುತ್ತಿರಲಿಲ್ಲ. ಅವರಿಗೆ ಹೆದರಿಕೆಯಾಯಿತು. ಚೆನ್ನಾಗಿಯೇ ಆಯಿತು, ಕಾಲು ನಡುಗಿತು, ನಡುಗುವುದು ಕಾಣದಿರಲೆಂದು ಪಂಚೆಯನ್ನು ಎಳೆದುಕೊಂಡರು. ತಮ್ಮ ಹೆದರಿಕೆಯನ್ನು ಅವರು ಹೆಸರಿಟ್ಟು ಗುರುತಿಸಿದ್ದು ಅದೇ ಮೊದಲು. ಆದರೆ ಏಳಲಿಲ್ಲ.

ಕೊನೆಗೆ ಶ್ರೀಮಂತ ಹೇಳಿದ. “ಊಟ ಆರಿ ಹೋಯ್ತದೆ. ಎಲೆ ಹಾಕ್ರೋ.”

ಹಾಗೆಂದು ಒಳಗೆ ಹೋದ. ಡ್ರೈವರು ಕೀಲಿ ತಿರುಗಿಸಿದ. ಒಮ್ಮೆಗೇ ಎಷ್ಟು ಸದ್ದಿಲ್ಲದಾಯಿತೆಂದರೆ, ಒಲೆಯ ಮೇಲೆ ಹೂರಣ ತಳ ಹತ್ತುವುದು ಕೇಳಿಸಿತು. ಯಾರೋ ಗಡಿಯಾರ ನೋಡಿ, “ಮೂರು ಆಗೋಯ್ತಲ್ಲ,” ಎಂದರು.

ಜನ ಉಂಡರೇ ಎಂದು ಕೇಳುತ್ತೀರಾ? ಉಂಡರು. ಹೋಳಿಗೆ ಏನು ತಪ್ಪು ಮಾಡಿತ್ತು? ಅಜ್ಜಿ ಎರಡನೆಯ ಸಲ ತುಪ್ಪ ಕೇಳಿ ಹಾಕಿಸಿಕೊಂಡಳು. ಮಿಲ್ಲಿನಾಕೆ ಮಾತ್ರ ಕೂರಲಿಲ್ಲ, ಬೀಸುವುದು ಬಾಕಿಯಿತ್ತು. ಹೋಗುವಾಗ ದಾರಿಯಲ್ಲಿ ಬಿದ್ದಿದ್ದ ಕನ್ನಡಕವನ್ನು ಸೆರಗಿನಲ್ಲಿ ಒರೆಸಿ ಮೇಷ್ಟ್ರ ಕೈಗೆ ಕೊಟ್ಟಳು. ಒರೆಸಿದ್ದರಿಂದ ಅದಕ್ಕೆ ಇನ್ನಷ್ಟು ಹಿಟ್ಟು ಮೆತ್ತಿಕೊಂಡಿತು. 

ಚುನಾವಣೆ ಆಯಿತು. ಆಕೆ ಸೋತಳು. ಹೌದು, ಸೋತಳು, ನನ್ನನ್ನು ಹಾಗೆ ನೋಡಬೇಡಿ, ಅವಳೇ ಮೊದಲು ಹೇಳಿದ್ದಳಲ್ಲ. ಆದರೆ ಅವಳಿಗೆ ಬಿದ್ದ ವೋಟು, ಅವಳ ಕಡೆ ಇದ್ದೇವೆಂದು ಬಾಯಿಬಿಟ್ಟು ಹೇಳಿದವರಿಗಿಂತ ಬಹಳ ಹೆಚ್ಚಿತ್ತು. ಮರುದಿನದಿಂದ ಊರಿನವರು ಒಬ್ಬರ ಮುಖ ಒಬ್ಬರು ನೋಡಿ, ನೀನೂನಾ ಎಂದು ಕಣ್ಣಿನಲ್ಲೇ ಕೇಳಿಕೊಳ್ಳುತ್ತ ಓಡಾಡಿದರು. ಗೆದ್ದ ಶ್ರೀಮಂತನ ಪಾಡು ಕೇಳಿ. ಮತದಾನಕ್ಕೆ ಮುಂಚಿನ ಆ ಕೆಲವು ದಿನ ಅವನು ಮನೆಮನೆಗೆ ಹೋಗಿ ಕೈ ಮುಗಿಯಬೇಕಾಯಿತು. ದರ್ಜಿಯ ಜಗಲಿಯ ಮೇಲೆ ಕೂತ, ಅವನು ಕೊಟ್ಟ ನೀರು ಕುಡಿದ. ಒಂದು ಹೆಣವೂ ಬೀಳಲಿಲ್ಲ. ಮತ್ತೆ ಗ್ರಾಮಸಭೆ ಸೇರಿದಾಗ ಮಿಲ್ಲಿನಾಕೆ ಎದ್ದು ಚರಂಡಿಯ ಮಾತು ತೆಗೆದಳು. ಶ್ರೀಮಂತ ಮೇಷ್ಟ್ರ ಕಡೆ ನೋಡಿದ, ಕೂರಿಸಲಿ ಎಂದು. ಮೇಷ್ಟ್ರು, “ಅವಳು ಕೇಳ್ತಿರೋದು ನಿಮ್ಮನ್ನ ಯಜಮಾನ್ರೇ,” ಎಂದರು.

ಕಥೆ ಮುಗಿಯಿತು. ನಿಮ್ಮ ಸರದಿ ಶುರುವಾಯಿತು.

ಮುಂದಿನ ಸಾಲಿನವರು ಯೋಚಿಸುತ್ತಿದ್ದೀರಿ, ಇದು ರಾಜಕೀಯದ ಕಥೆ, ನಮಗೂ ಇದಕ್ಕೂ ಏನು ಎಂದು. ಹಾಗಾದರೆ ರಾಜಕೀಯ ಬಿಡಿ, ನಿಮ್ಮ ಅಡುಗೆಮನೆಗೆ ಬನ್ನಿ. ಅತ್ತೆಗೂ ಸೊಸೆಗೂ ಮಾತು ಬಂತು. ‘ಸ್ವಲ್ಪ ಅಡ್ಜಸ್ಟ್ ಮಾಡ್ಕೊಮ್ಮ, ಮನೆ ನೆಮ್ಮದಿ ಮುಖ್ಯ’ ಎಂದು ನೀವು ಯಾರ ಹತ್ತಿರ ಹೋಗಿ ಹೇಳುತ್ತೀರಿ? ತಟ್ಟೆ ಎಸೆದ ಗಂಡನಿಗೆ ಹೇಳುತ್ತೀರೋ, ತಟ್ಟೆ ಎತ್ತಿಡುವ ಹೆಂಡತಿಗೆ ಹೇಳುತ್ತೀರೋ? ಆಫೀಸಿನಲ್ಲಿ ಸಾಹೇಬರು ಬೈದರು, ಗುಮಾಸ್ತ ಎದುರು ಮಾತಾಡಿದ. ಬಾಗಿಲು ಮುಚ್ಚಿ ಯಾರಿಗೆ ಬುದ್ಧಿ ಹೇಳುತ್ತೀರಿ? ಅಪಾರ್ಟ್‌ಮೆಂಟಿನ ಸಭೆ, ದೇವಸ್ಥಾನದ ಕಮಿಟಿ, ನೆಂಟರ ಮದುವೆ, ಎಲ್ಲೇ ಆಗಲಿ ‘ಹೋಗ್ಲಿ ಬಿಡಿ’ ಎನ್ನುತ್ತೀರಲ್ಲ, ಯಾರಿಗೆ ಎನ್ನುತ್ತೀರಿ? ಯಾರು ಕೇಳುತ್ತಾರೋ ಅವರಿಗೆ. ಅವರು ತಪ್ಪು ಮಾಡಿದ್ದಾರೆ ಎಂದಲ್ಲ. ಅವರು ಕೇಳುತ್ತಾರೆ ಎಂದು. ಅದನ್ನು ಮಾಡಿ ಬಂದು, ಮನೆಯಲ್ಲಿ ಗಲಾಟೆಯಿಲ್ಲ ಎಂದು ಬೋರ್ಡು ಬರೆಸುತ್ತೀರಿ.

ಇನ್ನು ಕೆಲವರು ಇದ್ದೀರಿ, ತೋಳು ಮಡಚುತ್ತಿರುವವರು. ದೊಣ್ಣೆಗೆ ದೊಣ್ಣೆಯೇ ಸರಿ, ಮೇಷ್ಟ್ರು ಹಿಂದೆಯೇ ಹಾಗೆ ಮಾಡಬೇಕಿತ್ತು ಎನ್ನುವವರು. ಮೇಷ್ಟ್ರು ಆ ದಿನ ಒಂದು ದೊಣ್ಣೆ ಹಿಡಿದು ಗೇಟಿನಲ್ಲಿ ನಿಂತಿದ್ದರೆ ಏನಾಗುತ್ತಿತ್ತು? ಶ್ರೀಮಂತನಿಗೆ ಬಾಯಿ ಬಿಡುವ ಕಷ್ಟವೇ ಇರುತ್ತಿರಲಿಲ್ಲ. ಎರಡು ಕಡೆ ಗಲಾಟೆ ಆಯಿತು, ಒಂದು ಹೆಣ ಬಿತ್ತು, ಮುಗಿಯಿತು. ಮೇಷ್ಟ್ರು ಅಹಿಂಸೆಯನ್ನು ಬಿಡಲಿಲ್ಲ. ಅದನ್ನು ತೆಗೆದುಕೊಂಡು ಹೋಗಬೇಕಾದ ಮನೆಗೆ ಕೊನೆಗೂ ತೆಗೆದುಕೊಂಡು ಹೋದರು. ಮಾತಾಡುವ, ನಿಲ್ಲುವ, ಸೋಲುವ ಸ್ವಾತಂತ್ರ್ಯ ಇನ್ನೊಬ್ಬರಿಗೆ ಉಳಿಯಲೆಂದು ತಮ್ಮ ಮಂಡಿಯನ್ನು ಜೀಪಿನ ಮುಂದಿಟ್ಟರು. ಅಷ್ಟು ವರ್ಷ ಇಡುತ್ತಿದ್ದದ್ದು ಬೇರೆಯವರ ಮಂಡಿಯನ್ನು.

ಹಾಗಾದರೆ ನಾಳೆ ಬೆಳಿಗ್ಗೆಯಿಂದ ನೀವು ಮಾಡಬೇಕಾದದ್ದೇನು? ದೊಡ್ಡದೇನೂ ಬೇಡ, ಮೆರವಣಿಗೆ ಬೇಡ. ಯಾರಿಗಾದರೂ ‘ಸುಮ್ಮನಿರು’ ಎನ್ನಲು ಬಾಯಿ ಬರುತ್ತದಲ್ಲ, ಆ ಹೊತ್ತಿಗೆ ಒಂದು ಕ್ಷಣ ತಡೆಯಿರಿ. ಸುಮ್ಮನಿರಿಸಲು ನಿಮ್ಮನ್ನು ಕಳಿಸಿದವರು ಯಾರು ಎಂದು ಕೇಳಿಕೊಳ್ಳಿ. ಯಾರೂ ಕಳಿಸಿಲ್ಲ, ನಾನೇ ಬಂದೆ ಎನ್ನಿಸಿದರೆ ಇನ್ನೊಮ್ಮೆ ಕೇಳಿಕೊಳ್ಳಿ. ಆಮೇಲೆ ಮೊದಲು ಹೋಗಬೇಕಾದ್ದು ಕೂಗುತ್ತಿರುವವರ ಹತ್ತಿರವಲ್ಲ, ಕೂಗುವ ಹಾಗೆ ಮಾಡಿದವರ ಹತ್ತಿರ. ಅದು ನಿಮ್ಮ ಅಪ್ಪನಿರಬಹುದು, ಸಾಹೇಬರಿರಬಹುದು, ನಿಮ್ಮನ್ನು ಕಂಡೊಡನೆ ಕುರ್ಚಿ ಹಾಕಿಸುವ ದೊಡ್ಡ ಮನುಷ್ಯರಿರಬಹುದು. ಅವರ ಮುಂದೆ ನಿಂತು, ಬೈಯದೆ, ಕೈ ಎತ್ತದೆ, ನೀವು ಒಂದು ಹೆಜ್ಜೆ ಹಿಂದೆ ಬನ್ನಿ ಎಂದು ಹೇಳಿ ನೋಡಿ. ನಾಲಿಗೆ ಒಣಗುತ್ತದೆ, ಕಾಲು ನಡುಗುತ್ತದೆ. ಆ ನಡುಕ ಬಾರದ ಕಡೆಯಲ್ಲೆಲ್ಲ ನೀವು ಇದುವರೆಗೆ ಶಾಂತಿ ಬೋಧಿಸಿದ್ದೀರಿ. ಇನ್ನು ಮೇಲೆ ಅದು ಬರುವ ಕಡೆಗೆ ಹೋಗಿ.